ಮೈಸೂರಿನ ಒಬ್ಬ ಹೆಂಗಸು

೧೫ ಫೆಬ್ರವರಿ ೨೦೧೫, ಭಾನುವಾರ

ನಿನ್ನೆ ಸಂಜೆ ಆತ್ರೇಯನ ಸಿನಿಮಾ ನೋಡಿ ಬಂದೆ. ಕೇಳಿ ಬಂದೆ ಎನ್ನುವುದೇ ಸರಿ. ಎಪ್ಪತ್ತು ನಿಮಿಷ ಪರದೆಯ ಮೇಲೆ ಪಾಚಿ ಹಿಡಿದ ಗೋಡೆ, ಇಲ್ಲಿನ, ಸಿಂಗಪುರದ, ಸೆಂಬವಾಂಗಿನ ಹಳೆಯ ಬ್ರಿಟಿಷ್ ಬಂಗಲೆಗಳ ಕಿಟಕಿ, ಸಮುದ್ರ, ಮತ್ತೆ ಗೋಡೆ. ಅದರ ಹಿಂದೆ ನನ್ನ ಅಜ್ಜಿಯ ದನಿ. ೨೦೦೯ರಲ್ಲಿ ಒಂಟಿಕೊಪ್ಪಲಿನ ಬಾಡಿಗೆ ಮನೆಯ ಅಡುಗೆಮನೆಯಲ್ಲಿ ಅವರೆಕಾಯಿ ಸುಲಿಯುತ್ತಾ ಅಜ್ಜಿ ನನಗೆ ಹೇಳಿದ ಮಾತುಗಳು. ತಾತ ಮಹಾರಾಜರ ಪಲ್ಟನ್ನಿನ ಜೊತೆ ಸಿಂಗಪುರಕ್ಕೆ ಬಂದದ್ದು, ನಲವತ್ತೆರಡರಲ್ಲಿ ಊರು ಜಪಾನಿಯರ ಕೈಗೆ ಬಿದ್ದ ಮೇಲೆ ಸುದ್ದಿಯೇ ಇಲ್ಲವಾದದ್ದು, ಹನ್ನೆರಡು ವರ್ಷ ಅಜ್ಜಿ ಕುಂಕುಮ ಇಟ್ಟುಕೊಂಡೇ ಕಾದದ್ದು. ರೆಕಾರ್ಡರ್ ಹಿಡಿದಿದ್ದವಳು ನಾನು. ಮರುವರ್ಷ, ಇಬ್ಬರೂ ಸೇರಿ ಸಿನಿಮಾ ಮಾಡೋಣ ಎಂದು ಆತ್ರೇಯನಿಗೆ ಕಾಪಿ ಕೊಟ್ಟವಳೂ ನಾನೇ. ಸಿನಿಮಾ ನಿಂತುಹೋಯಿತು, ಅವನು ಬರ್ಲಿನ್ನಿಗೆ ಹೋದ, ಕಾಪಿಯೂ ಜೊತೆಗೆ ಹೋಯಿತು. ಅಜ್ಜಿ ೨೦೧೧ರಲ್ಲಿ ತೀರಿಕೊಂಡರು.

ಕೊನೆಯಲ್ಲಿ ಹೆಸರುಗಳು ಬಂದವು. ಕ್ಯಾಮೆರಾ ಬ್ಯಾಗು ಹೊತ್ತವನ ಹೆಸರಿದೆ, ಊಟ ಕಳಿಸಿದ ಹೋಟೆಲಿನ ಹೆಸರಿದೆ. ಅಜ್ಜಿಯದು ಹೀಗೆ: “ದನಿ: ಮೈಸೂರಿನ ಒಬ್ಬ ಹೆಂಗಸು.”

ಹೊರಗೆ ಅವನೇ ಎದುರಾದ. “ನಿರು, ಬಂದ್ಯಾ. ಐ ವಾಸ್ ಹೋಪಿಂಗ್ ನೀನು ಬರ್ತೀಯ ಅಂತ.”

“ನಮ್ಮಜ್ಜಿ ಹೆಸರೆಲ್ಲಿ?”

“ಅದು ಒಬ್ಬರ ಮೆಮೊರಿ ಅಲ್ಲ ಕಣೆ, ಕಲೆಕ್ಟಿವ್ ಮೆಮೊರಿ. ಆಮೇಲೆ ಹೆಸರು ಬೇಡ ಅಂತ ನಿಮ್ಮಜ್ಜಿನೇ ಹೇಳಿದಾರಲ್ಲ. ಟೇಪ್‌ನ ಫಸ್ಟ್ ಮಿನಿಟಲ್ಲೇ ಇದೆ, ಕೇಳ್ಸ್ಕೊ.”

ಕೇಳಿಸಿಕೊಳ್ಳುವುದಂತೆ. ಆ ಮೊದಲ ನಿಮಿಷ ನನಗೆ ಗೊತ್ತು. ಅಜ್ಜಿ ಅದನ್ನು ನನಗೆ ಹೇಳಿದ್ದು, ಇವನಿಗಲ್ಲ. ಇವತ್ತು ಸಿಂಗಪುರ ಬಿದ್ದ ದಿನ. ಕ್ರಾಂಜಿಯ ಯುದ್ಧಸ್ಮಾರಕಕ್ಕೆ ಹೋಗಿ ಕಂಬದ ಮೇಲಿರುವ ತಾತನ ಹೆಸರಿನ ಮುಂದೆ ನಿಂತು ಪ್ರಮಾಣ ಮಾಡಿ ಬಂದಿದ್ದೇನೆ. ಅವನನ್ನು ಜನರ ಮುಂದೆ, ಅವನದೇ ಸಿನಿಮಾದ ಮುಂದೆ, ತಲೆ ಎತ್ತದ ಹಾಗೆ ಮಾಡುತ್ತೇನೆ.

೧೮ ಫೆಬ್ರವರಿ, ಬುಧವಾರ

ನಾಳೆ ಚೀನೀ ಹೊಸವರ್ಷ, ಇವತ್ತು ಅರ್ಧ ದಿನ ಆಫೀಸು. ಪಾಯಾ ಲೆಬಾರಿನಲ್ಲಿ ಕೂತು ಜುರಾಂಗ್ ಐಲ್ಯಾಂಡಿನ ಕಾರ್ಖಾನೆಗಳಿಗೆ ಸುರಕ್ಷತೆಯ ವಿಡಿಯೊ ಎಡಿಟ್ ಮಾಡುವುದು ನನ್ನ ಹೊಟ್ಟೆಪಾಡು. ಬೆಲ್ಟ್ ಹಾಕಿಕೊಳ್ಳದವನು ಮೇಲಿನಿಂದ ಬೀಳುವ ದೃಶ್ಯವನ್ನು ಹನ್ನೊಂದು ಸಲ ನೋಡಿದೆ. ಹನ್ನೊಂದು ಸಲವೂ ಬಿದ್ದವನು ಆತ್ರೇಯ.

೧ ಮಾರ್ಚ್, ಭಾನುವಾರ

ದೇವರಿದ್ದಾನೆ. ಕನ್ನಡ ಸಂಘದ ಇಮೇಲಿನಲ್ಲಿ ಆತ್ರೇಯನ ಪ್ರಕಟಣೆ ಬಂದಿದೆ. ಸ್ವತಂತ್ರ ಸಿಂಗಪುರಕ್ಕೆ ಐವತ್ತು ತುಂಬುವ ವರ್ಷಕ್ಕೆಂದು ಅವನಿಗೆ ಇನ್ನೊಂದು ಸಿನಿಮಾ ಸಿಕ್ಕಿದೆಯಂತೆ. ಬ್ರಿಟಿಷರ ನೌಕಾನೆಲೆಯ ಕಾಲದ ನೆನಪಿರುವ ಹಿರಿಯ ಕನ್ನಡಿಗರು ಬೇಕಂತೆ, ಅದೂ “ಅಸಲಿ ದನಿಗಳು”. ಸಂಘದ ಕಡೆ ತಲೆ ಹಾಕಿಯೂ ಮಲಗದವನಿಗೆ ಈಗ ಸಂಘ ಬೇಕಾಯಿತು.

ಅಸಲಿ ದನಿ ತಾನೇ, ಕೊಡೋಣ. ಒಂದು ಸುಳ್ಳು ನೆನಪನ್ನು ನಾನು ಬರೆಯುತ್ತೇನೆ. ಅದನ್ನು ಲಕೋಟೆಯಲ್ಲಿ ಹಾಕಿ ನನಗೆ ನಾನೇ ರಿಜಿಸ್ಟರ್ಡ್ ಪೋಸ್ಟ್ ಮಾಡಿಕೊಂಡು, ಮುದ್ರೆ ಒಡೆಯದೆ ಇಡುತ್ತೇನೆ. ಯಾರಾದರೂ ವಯಸ್ಸಾದವರು ಅದನ್ನು ಬಾಯಿಪಾಠ ಮಾಡಿ ಅವನ ಕ್ಯಾಮೆರಾ ಮುಂದೆ ಒಪ್ಪಿಸುತ್ತಾರೆ. ಸಿನಿಮಾ ತೋರಿಸಿದ ದಿನ, ಪ್ರಶ್ನೋತ್ತರದಲ್ಲಿ, ಎಲ್ಲರ ಎದುರು ಲಕೋಟೆ ಒಡೆದು ಓದುತ್ತೇನೆ. ಮಾತಿಗೆ ಮಾತು ಅದೇ. ಮೇಲೆ ಅಂಚೆಯವರ ತಾರೀಕು.

ಸಾಗರನಿಗೆ ಹೇಳಿದೆ. ಅವನು ಬೆಳಗಿನ ಕಂಪನಿ ಬಸ್ಸಿಗೆಂದು ಬೂಟು ಒರೆಸುತ್ತಿದ್ದ. “ಆರು ವರ್ಷದಿಂದ ಆ ಟೇಪ್ ಇಟ್ಕೊಂಡು ಕೂತಿದೀಯ. ಇಷ್ಟೇ ಎನರ್ಜಿ ನಿನ್ನ ಫಿಲ್ಮ್‌ಗೆ ಹಾಕಿದ್ರೆ ಎರಡು ಫಿಲ್ಮ್ ಆಗ್ತಿತ್ತು” ಎಂದ. ಗಂಡಂದಿರಿಗೆ ಇಂಥದ್ದೆಲ್ಲ ಹೇಳಬಾರದು.

೮ ಮಾರ್ಚ್, ಭಾನುವಾರ

ನನ್ನ ಸಾಕ್ಷಿ ಸಿಕ್ಕಿತು. ಹೆಸರು ಕಾಮಾಕ್ಷಿ, ವಯಸ್ಸು ಎಪ್ಪತ್ನಾಲ್ಕು, ಸೆಂಬವಾಂಗಿನಲ್ಲಿ ಒಬ್ಬರೇ. ಕಾಂಡೊ ಎನ್ನುವ ದುಬಾರಿ ಫ್ಲ್ಯಾಟುಗಳಲ್ಲಿರುವ ಕನ್ನಡದವರಿಗೆಲ್ಲ ಚಕ್ಕುಲಿ, ಕೋಡುಬಳೆ, ಸಾರಿನಪುಡಿ ಮಾಡಿಕೊಡುತ್ತಾರೆ. ಸಂಘದ ನಾಟಕದಲ್ಲಿ ಇಪ್ಪತ್ತು ವರ್ಷದಿಂದ ಅತ್ತೆಯ ಪಾತ್ರ ಅವರದೇ. ಒಂದು ಸಲ ಓದಿದರೆ ಮಾತು ಬಾಯಿಗೆ ಬಂದಿರುತ್ತದೆ ಎಂದು ಕೇಳಿದ್ದೆ.

ಬಾಗಿಲಲ್ಲೇ “ಕಾಫಿ ಕುಡೀತೀಯೇನಮ್ಮ?” ಎಂದರು. ಬೇಡ ಆಂಟಿ ಎಂದೆ. ಒಳಗೆ ಹೋದ ಮೇಲೆ “ಒಂದರ್ಧ ಲೋಟ?” ಎಂದರು. ಹೂಂ ಎಂದೆ. ಬಂದದ್ದು ತುಂಬಿದ ಲೋಟ.

ಅರವತ್ತೆರಡರಲ್ಲಿ ಮದುವೆಯಾಗಿ ಬಂದವರು. ಯಜಮಾನರು ನೌಕಾನೆಲೆಯ ಉಗ್ರಾಣದಲ್ಲಿ ಗುಮಾಸ್ತರಾಗಿದ್ದರಂತೆ, ತೀರಿಕೊಂಡು ಹನ್ನೆರಡು ವರ್ಷವಾಯಿತಂತೆ. “ನಮ್ಮೋರು, ನಮ್ಮೋರು” ಎನ್ನುತ್ತಾರೆಯೇ ಹೊರತು ಗಂಡನ ಹೆಸರು ಮಾತ್ರ ಬಾಯಲ್ಲಿ ಬರುವುದಿಲ್ಲ. ನನ್ನ ಅಜ್ಜಿಯೂ ಹಾಗೇ. ಮುಕ್ಕಾಲು ಗಂಟೆಯ ಟೇಪಿನಲ್ಲಿ ತಾತನ ಹೆಸರು ಒಂದು ಸಲವೂ ಇಲ್ಲ.

“ಒಂದು ಸಿನಿಮಾದಲ್ಲಿ ಪಾತ್ರ ಇದೆ ಆಂಟಿ. ನಿಜವಾಗ್ಲೂ ನಡೆದಿದ್ದು ಅನ್ನೋ ಥರ ಮಾತಾಡ್ಬೇಕು. ಡೈರೆಕ್ಟರ್ ನಿಮ್ಮನ್ನ ನಿಜವಾದವರು ಅಂತಾನೇ ಮಾತಾಡಿಸ್ತಾರೆ, ಅದು ಅವರ ಸ್ಟೈಲು. ನೀವು ಮಾತ್ರ ಪಾತ್ರ ಬಿಡಬಾರದು.”

“ಮೇಕಪ್ ಇದೆಯಾ?”

“ಇಲ್ಲ.”

“ಹಂಗಾದ್ರೆ ಸಲೀಸು” ಎಂದರು. ಮುಗಿದೇ ಹೋಯಿತು. ಮುದುಕಿ ಇಷ್ಟು ಸುಲಭವಾಗಿ ಒಪ್ಪುತ್ತದೆ ಎಂದುಕೊಂಡಿರಲಿಲ್ಲ.

೧೬ ಮಾರ್ಚ್, ಸೋಮವಾರ

ಬರೆದು ಮುಗಿಸಿದೆ. ಪಾತ್ರದ ಹೆಸರು ಶಾಮಲಾ. ತಂದೆ ಮೈಸೂರು ಪಲ್ಟನ್ನಿನ ಅಡುಗೆಯವರು. ಊರು ಬಿದ್ದ ದಿನ ಮೇಜರನ ಬಂಗಲೆಯಲ್ಲಿ ಅಡಗಿದ್ದು, ಅಡುಗೆಮನೆಯ ಗೋಡೆಯ ಮೇಲೆ ಇದ್ದಿಲಿನಲ್ಲಿ ಮಗಳ ಹೆಸರು ಬರೆದಿಟ್ಟು ಹೋದರು. ಗೋಡೆ ಎಂದರೆ ಆತ್ರೇಯ ಪ್ರಾಣ ಬಿಡುತ್ತಾನೆ. ಗಾಳಕ್ಕೆ ಬೇರೆ ಎರೆ ಬೇಡ.

ಮಧ್ಯಾಹ್ನದ ಊಟ ಬಿಟ್ಟು ಅಂಚೆ ಕಚೇರಿಗೆ ಹೋಗಿ ಲಕೋಟೆ ಕಳಿಸಿದೆ. ಮುದ್ರೆ ಒತ್ತಿದ ಸದ್ದು ಕಿವಿಗೆ ಹಿತವಾಗಿತ್ತು.

೧೨ ಏಪ್ರಿಲ್, ಭಾನುವಾರ

ನಾಲ್ಕನೇ ರಿಹರ್ಸಲ್. ಮಾತು ಪಕ್ಕಾ ಆಗಿದೆ. ಒಂದೇ ತಕರಾರು.

“ಹೆಸರು ಕಾಮಾಕ್ಷಿ ಅಂತಾನೇ ಇರ್ಲಿ ಬಿಡಮ್ಮ. ಶಾಮಲಾ ಯಾಕೆ?”

“ಪಾತ್ರ ಆಂಟಿ. ನಾಟಕದಲ್ಲಿ ಬೇರೆ ಹೆಸರು ಇರಲ್ವಾ?”

“ಇರತ್ತೆ, ಇರತ್ತೆ. ನಂಗೆ ಬೇರೆ ಹೆಸರು ಹೊಸದೇನಲ್ಲ. ಬಂಗಲೆ ಹೆಂಗಸರಿಗೆ ಫ್ರಾಕು, ಕರ್ಟನ್ನು ಹೊಲ್ಕೊಡ್ತಿದ್ದೆ ನಾನು. ಅಲ್ಲಿದ್ದ ದೊರೆಸಾನಿಗೆ ಕಾಮಾಕ್ಷಿ ಅನ್ನಕ್ಕೆ ಬರ್ತಿರ್ಲಿಲ್ಲ. ಮೊದಲ್ನೇ ದಿನಾನೇ ಮೇರಿ ಅಂತ ಇಟ್ಬಿಟ್ಳು. ಒಂಬತ್ತು ವರ್ಷ ಮೇರಿ ಅಂದ್ರೆ ತಿರುಗಿ ನೋಡ್ತಿದ್ದೆ.”

ಅದನ್ನೇ ಇನ್ನೂ ಹೇಳುವವರಿದ್ದರು. ನನಗೆ ಮೂರನೇ ಪುಟದ ಉಚ್ಚಾರ ತಿದ್ದುವುದಿತ್ತು. ಆಮೇಲೆ ಹೇಳಿ ಆಂಟಿ ಎಂದು ಶಾಮಲಾಳ ಮಾತಿಗೆ ಕರೆತಂದೆ. ಈ ವಯಸ್ಸಿನವರ ಹತ್ತಿರ ಇದೊಂದು ಕಷ್ಟ, ಎಲ್ಲಿಂದ ಎಲ್ಲಿಗೋ ಹೋಗುತ್ತಾರೆ.

ಬರುವಾಗ ಅವರ ಕೈಯಿಂದಲೇ ಆತ್ರೇಯನಿಗೆ ಫೋನ್ ಮಾಡಿಸಿದೆ. “ನನ್ನ ಹೆಸರು ಶಾಮಲಾ” ಎಂದರು. ಅವನ ಉಸಿರು ಏರಿದ್ದು ಸ್ಪೀಕರಿನಲ್ಲಿ ಕೇಳಿಸಿತು.

೧೦ ಮೇ, ಭಾನುವಾರ

ಅತ್ತು ಅಭ್ಯಾಸವಾದ ದನಿ ಹೇಗಿರುತ್ತದೆ ಎಂದು ತೋರಿಸಲು ಕಾಮಾಕ್ಷಿ ಆಂಟಿಗೆ ಅಜ್ಜಿಯ ಟೇಪು ಕೇಳಿಸಿದೆ. ನಡುವಿನಿಂದ ಹಾಕಬೇಕೆಂದಿದ್ದೆ, ಬೆರಳು ತಪ್ಪಿ ಮೊದಲಿನಿಂದ ಶುರುವಾಯಿತು. “ಹೆಸರು ಹೇಳಜ್ಜಿ, ಕೊನೇಲಿ ಹಾಕ್ತೀನಿ” ಎನ್ನುವ ನನ್ನ ದನಿ. “ನನ್ನ ಹೆಸರೆಲ್ಲ ಯಾಕೆ, ಬೇಡ ಬಿಡು” ಎನ್ನುವ ಅಜ್ಜಿಯ ದನಿ. ತಕ್ಷಣ ಮುಂದಕ್ಕೆ ಓಡಿಸಿದೆ.

“ಆಮೇಲೆ?” ಎಂದರು ಆಂಟಿ.

“ಆಮೇಲೆ ಕಥೆ. ಅದು ಮುಂದೆ ಇದೆ.”

“ಹೆಸರಿನ ವಿಷಯ ಅಷ್ಟೇನಾ?”

ಅಷ್ಟೇ ಎಂದೆ. ಎದ್ದು ಹೋಗಿ ಲೋಟಗಳನ್ನು ತೊಳೆದರು. ಮತ್ತೆ ಬಂದು ಪೂರ್ತಿ ಕೇಳಿದರು. ಅಜ್ಜಿಯ ಹೆಸರೇನು ಎಂದು ಕೇಳಿದರು, ಭಾಗೀರಥಿ ಎಂದೆ. ತಾತನ ಹೆಸರನ್ನೂ ಕೇಳಿದರು, ಹೇಳಿದೆ. ಬಂಗಲೆಯ ಗೋಡೆ ತೋರಿಸಿ ಅಜ್ಜಿಯ ದನಿ ಹಾಕಿಕೊಂಡು ಆತ್ರೇಯ ಮಾಡಿದ್ದನ್ನೂ, ಅವನ ಹೆಸರೆತ್ತದೆ, ಹೇಳಿಬಿಟ್ಟೆ. ಹೇಳಬಾರದಿತ್ತು, ಆದರೆ ಹೊಟ್ಟೆಯುರಿ ತಡೆಯಲಾಗಲಿಲ್ಲ. ಅವನೇ ಈ ಸಿನಿಮಾದ ಡೈರೆಕ್ಟರ್ ಎಂದು ಮಾತ್ರ ಬಾಯಿ ಬಿಡಲಿಲ್ಲ. ಅಷ್ಟು ಎಚ್ಚರ ನನಗಿದೆ.

೬ ಜೂನ್, ಶನಿವಾರ

ಶೂಟಿಂಗ್ ಆಯಿತು. ನಾನು ಬ್ಲಾಕಿನ ಕೆಳಗಿನ ಖಾಲಿ ಅಂಗಳದಲ್ಲಿ, ಕಂಬದ ಮರೆಯಲ್ಲಿ, ಮೂರು ಗಂಟೆ ಕೂತಿದ್ದೆ. ಆತ್ರೇಯ ಟ್ರೈಪಾಡ್ ಹೊತ್ತುಕೊಂಡು ಹೊರಗೆ ಬಂದ, ಕಣ್ಣು ಕೆಂಪಗಿದ್ದವು. ನುಂಗಿದ್ದಾನೆ. ಗಾಳ, ದಾರ, ಕೋಲು ಎಲ್ಲ ನುಂಗಿದ್ದಾನೆ.

ಮೇಲೆ ಓಡಿದೆ. “ಎಲ್ಲ ಹೇಳಿದ್ರಾ ಆಂಟಿ?”

“ಹೇಳ್ಬೇಕಾದ್ದೆಲ್ಲ ಹೇಳ್ದೆ. ಪಾಪ, ಒಳ್ಳೇ ಹುಡುಗ. ಎರಡು ಲೋಟ ಕಾಫಿ ಕುಡಿದ.”

ಒಳ್ಳೇ ಹುಡುಗನಂತೆ. ಇರಲಿ. ಚಕ್ಕುಲಿಯ ಡಬ್ಬಿ ಕೊಟ್ಟು ಕಳಿಸಿದರು. ಇಲ್ಲಿ ರೈಲಿನಲ್ಲಿ ತಿಂದರೆ ದಂಡ, ಮನೆಗೆ ಬಂದು ನಿಂತ ಕಾಲಲ್ಲೇ ಆರು ತಿಂದೆ. ಇಷ್ಟು ಹಸಿವಾಗಿ ತಿಂಗಳುಗಳೇ ಆಗಿದ್ದವು.

೨ ಆಗಸ್ಟ್, ಭಾನುವಾರ

ಕೆಲಸ ಮುಗಿದಿದ್ದರೂ ಭಾನುವಾರ ಸೆಂಬವಾಂಗಿಗೆ ಹೋಗುವುದನ್ನು ಬಿಟ್ಟಿಲ್ಲ. ಒಮ್ಮೆಲೇ ನಿಲ್ಲಿಸಿದರೆ ಕಾಮಾಕ್ಷಮ್ಮನಿಗೆ ಅನುಮಾನ ಬರಬಹುದು, ಅದಕ್ಕೆ. ಕಳೆದ ವಾರ ಕಣ್ಣಿನ ಪೊರೆ ತೋರಿಸಲು ಆಸ್ಪತ್ರೆಗೆ ಕರೆದುಕೊಂಡು ಹೋಗಿದ್ದೆ. ಇವತ್ತು ಹತ್ತು ಕಿಲೊ ಅಕ್ಕಿ ಹೊತ್ತುಕೊಟ್ಟೆ. ಇದೆಲ್ಲ ಯೋಜನೆಯ ಭಾಗ.

ಮೇರಿಯ ಕಥೆ ಪೂರ್ತಿ ಹೇಳಿದರು. ಎಪ್ಪತ್ತೊಂದರಲ್ಲಿ ಬ್ರಿಟಿಷರು ನೆಲೆ ಖಾಲಿ ಮಾಡಿದಾಗ ದೊರೆಸಾನಿ ಒಂದು ಶಿಫಾರಸು ಪತ್ರ ಬರೆದುಕೊಟ್ಟಳಂತೆ. ಪೆಟ್ಟಿಗೆಯಿಂದ ತೆಗೆದು ತೋರಿಸಿದರು. ಮೇರಿ ಪ್ರಾಮಾಣಿಕಳು, ಮೇರಿಯ ಹೊಲಿಗೆ ಅಚ್ಚುಕಟ್ಟು, ಮೇರಿಯನ್ನು ಯಾರು ಬೇಕಾದರೂ ನಂಬಬಹುದು. ಒಂದು ಕಡೆಯೂ ಕಾಮಾಕ್ಷಿ ಇಲ್ಲ.

“ಇದನ್ನ ತೋರಿಸಿದ್ರೆ ಕೆಲಸ ಸಿಗತ್ತೆ ಅಂದ್ಳು. ತೋರಿಸ್ದೆ. ಮೇರಿ ಯಾರು ಅಂತ ಕೇಳಿದ್ರು” ಎಂದು ನಕ್ಕರು. ನನಗೆ ನಗು ಬರಲಿಲ್ಲ. ಆ ಹೆಂಗಸಿನ ಮೇಲೆ ಎಂಥ ಸಿಟ್ಟು ಬಂತೆಂದರೆ, ಬದುಕಿದ್ದಿದ್ದರೆ ವಿಳಾಸ ಹುಡುಕಿಕೊಂಡು ಹೋಗಿಬಿಡುತ್ತಿದ್ದೆ.

೨೦ ಸೆಪ್ಟೆಂಬರ್, ಭಾನುವಾರ

ಸುಮಾತ್ರಾದಲ್ಲಿ ಕಾಡು ಸುಡುತ್ತಿದ್ದಾರೆ, ಇಲ್ಲಿ ಹೊಗೆಗೆ ಎದುರಿನ ಬ್ಲಾಕು ಕಾಣುವುದಿಲ್ಲ. ಕಾಮಾಕ್ಷಮ್ಮನಿಗೆ ಕೆಮ್ಮು. ಮಾಸ್ಕು ಕೊಟ್ಟು ಬಂದೆ.

ಶನಿವಾರ ಪ್ರದರ್ಶನ. ಆತ್ರೇಯ ಅವರನ್ನೂ ಕರೆದಿದ್ದಾನೆ, ಒಬ್ಬಳು ಹುಡುಗಿಯ ಜೊತೆ ಬರುತ್ತೇನೆ ಎಂದಿದ್ದಾರಂತೆ. ಲಕೋಟೆ ಒಡೆದಾಗ ಅವರು ಪಕ್ಕದಲ್ಲೇ ಇರುತ್ತಾರೆ ಎನ್ನುವುದನ್ನು ನಾನು ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ. ಜನ ಅವರನ್ನು ಸುಳ್ಳಿ ಎನ್ನುತ್ತಾರೆಯೇ? ಪರದೆಯ ಮೇಲೆ ಶಾಮಲಾ ಎಂದೇ ಬರುತ್ತದೆ, ಇವರ ಹೆಸರಿಗೆ ಏನೂ ಆಗುವುದಿಲ್ಲ. ಅದನ್ನೇ ನಾಲ್ಕು ಸಲ ಹೇಳಿಕೊಂಡೆ. ಕೆಮ್ಮು ಜಾಸ್ತಿಯಾದರೆ ಬರುವುದು ಬೇಡ ಎಂದು ನಾನೇ ಹೇಳಬಹುದು.

೨೬ ಸೆಪ್ಟೆಂಬರ್, ಶನಿವಾರ

ಬಂದರು. ರೇಷ್ಮೆ ಸೀರೆ ಉಟ್ಟು, ಮಾಸ್ಕು ಹಾಕಿಕೊಂಡು, ಚೀಲದಲ್ಲಿ ಫ್ಲಾಸ್ಕ್ ಇಟ್ಟುಕೊಂಡು. ನನ್ನ ಚೀಲದಲ್ಲಿ ಲಕೋಟೆ. ಬಾಗಿಲಲ್ಲಿ ಆತ್ರೇಯ ನಮ್ಮಿಬ್ಬರನ್ನೂ ಜೊತೆಗೆ ನೋಡಿದ. ಬೆಚ್ಚಿಬೀಳುತ್ತಾನೆ ಎಂದುಕೊಂಡಿದ್ದೆ, ಬೀಳಲಿಲ್ಲ. ಆಗಲೇ ನನಗೆ ತಿಳಿಯಬೇಕಿತ್ತು.

ಸಿನಿಮಾದ ಅರ್ಧ ಭಾಗ ಗೋಡೆ. ಆಮೇಲೆ ಪರದೆಯ ತುಂಬ ಕಾಮಾಕ್ಷಮ್ಮನ ಮುಖ. “ನನ್ನ ಹೆಸರು ಶಾಮಲಾ. ನಮ್ಮ ತಂದೆ ಮೈಸೂರು ಪಲ್ಟನ್ನಿನಲ್ಲಿ ಅಡುಗೆ ಮಾಡ್ತಿದ್ರು.” ನನ್ನ ಮಾತು, ನನ್ನ ವಿರಾಮ. ಲಕೋಟೆ ಕೈಗೆ ತೆಗೆದುಕೊಂಡೆ. ಮೂರನೇ ವಾಕ್ಯದ ಮೇಲೆ ಅವರು ನಿಂತರು.

“ಮಾತು ಮರೆತುಹೋಯ್ತು” ಎಂದರು.

“ಮಾತಾ?” ಎಂದಿತು ಕ್ಯಾಮೆರಾ ಹಿಂದಿನ ಆತ್ರೇಯನ ದನಿ.

“ಬರ್ಕೊಂಡಿದ್ದ ಮಾತು. ಮರೆತಿಲ್ಲ, ಬಿಡು. ಹೇಳಕ್ಕೆ ಮನಸ್ಸಿಲ್ಲ. ನನ್ನ ಹೆಸರು ಕಾಮಾಕ್ಷಿ. ನಾನು ಮೇರಿನೂ ಅಲ್ಲ, ಶಾಮಲಾನೂ ಅಲ್ಲ.” ಆಮೇಲೆ ಮೇರಿಯ ಕಥೆ, ಪತ್ರ, ಎಲ್ಲ. ಏಪ್ರಿಲಿನಲ್ಲಿ ನಾನು ಕೇಳದೆ ಬಿಟ್ಟದ್ದನ್ನು ಇನ್ನೂರು ಜನ ಉಸಿರು ಬಿಗಿಹಿಡಿದು ಕೇಳಿದರು.

ಕಥೆ ಮುಗಿಸಿ ಅವರು ಕ್ಯಾಮೆರಾ ಹಿಂದೆ ನೋಡಿದರು. “ಹಿಂದಿನ ಸಿನಿಮಾದಲ್ಲಿ ಒಬ್ಬ ಅಜ್ಜಿ ದನಿ ಹಾಕಿದ್ದು ನೀನೇ ತಾನೆ? ಹೆಸರು ಯಾಕಪ್ಪ ಹಾಕ್ಲಿಲ್ಲ?”

“ಅವರೇ ಬೇಡ ಅಂದಿದ್ರು ಆಂಟಿ.”

“ಕಾಫಿ ಕುಡೀತೀಯಾ?”

“ಈಗ ಬೇಡ ಆಂಟಿ.”

“ಬಂದಾಗ್ಲೂ ಬೇಡ ಅಂದೆ. ಎರಡನೇ ಸಲ ಕೇಳಿದ್ದಕ್ಕೆ ಕುಡಿದೆ. ನಾನು ಸುಮ್ಮನಾಗಿದ್ರೆ ನೀನು ಒಣಗಿದ ಬಾಯಲ್ಲೇ ಹೋಗ್ತಿದ್ದೆ.”

ಸಭೆಯಲ್ಲಿ ಕನ್ನಡದವರು ನಕ್ಕರು, ಸಬ್‌ಟೈಟಲ್ ಓದಿ ಉಳಿದವರು ನಕ್ಕರು. ಅವರು ಮಾತ್ರ ನಗಲಿಲ್ಲ. “ಆಯಮ್ಮನ್ನ ಎರಡನೇ ಸಲ ಯಾರೂ ಕೇಳ್ಲಿಲ್ಲ ಕಣಪ್ಪ. ನೀನೂ ಕೇಳ್ಲಿಲ್ಲ. ಎದುರಿಗೆ ಕೂತಿದ್ದ ಮೊಮ್ಮಗಳೂ ಕೇಳ್ಲಿಲ್ಲ. ಅವರ ಹೆಸರು ಭಾಗೀರಥಿ. ಯಜಮಾನರ ಹೆಸರು ಅವರು ಹೇಳೋ ಹಾಗಿಲ್ಲ. ನಂಗೇನು ಅಡ್ಡಿ, ನಾನು ಹೇಳ್ತೀನಿ. ನರಸಿಂಹಯ್ಯ.”

ದೀಪ ಹತ್ತಿತು. ಯಾರೋ ನನ್ನ ಕೈಗೆ ಮೈಕ್ ಕೊಟ್ಟರು, ಮೊದಲ ಪ್ರಶ್ನೆ ನನ್ನದೇ ಎಂದು ಬಂದ ಕೂಡಲೇ ಹೇಳಿಟ್ಟಿದ್ದೆನಲ್ಲ. ಎದ್ದು ನಿಂತೆ. ಒಂದು ಕೈಯಲ್ಲಿ ಮೈಕು, ಇನ್ನೊಂದರಲ್ಲಿ ಲಕೋಟೆ. ಆರು ತಿಂಗಳಿಂದ ಕಾದಿಟ್ಟ ಲಕೋಟೆಯನ್ನು ಒಡೆಯದೆ ಚೀಲಕ್ಕೆ ತಳ್ಳಿದೆ. “ಭಾಗೀರಥಿ ನನ್ನ ಅಜ್ಜಿ” ಎಂದು ಕೂತುಬಿಟ್ಟೆ. ಜನ ಚಪ್ಪಾಳೆ ತಟ್ಟಿದರು. ಚಪ್ಪಾಳೆ ಯಾಕೋ ಗೊತ್ತಿಲ್ಲ, ಅದಕ್ಕೂ ಸಿಟ್ಟು ಬಂತು.

“ಅವನೇ ಡೈರೆಕ್ಟರ್ ಅಂತ ನಿಮಗೆ ಹೇಗೆ ಗೊತ್ತಾಯ್ತು?” ಎಂದು ಕಾಮಾಕ್ಷಮ್ಮನನ್ನು ಕೇಳಿದೆ.

“ಬಂಗಲೆ ಗೋಡೆ ತೆಗೀತೀನಿ, ಹಿಂದಿನ ಪಿಚ್ಚರಲ್ಲೂ ತೆಗೆದಿದ್ದೆ ಅಂತ ಅವನೇ ಹೇಳ್ದ. ಬೇಜಾರಾಯ್ತಾ?” ಎಂದು ಫ್ಲಾಸ್ಕಿನಿಂದ ಕಾಫಿ ಬಗ್ಗಿಸಿದರು. ನಾನು ಬೇಡ ಎಂದೆ. ಕೈ ಹಾಗೇ ಚಾಚಿಕೊಂಡಿದ್ದರು.

ಆತ್ರೇಯ ಹತ್ತಿರ ಬಂದ. “ಹಳೇ ಫಿಲ್ಮ್‌ಗೂ ಹೆಸರು ಹಾಕು” ಎಂದೆ. “ಹಾಕ್ತೀನಿ. ಸಾರಿ ನಿರು” ಎಂದ. ಸಾರಿ ಅವನ ಹತ್ತಿರವೇ ಇರಲಿ. ಅವನನ್ನು ನಾನು ಕ್ಷಮಿಸಿಲ್ಲ.

೨೭ ಸೆಪ್ಟೆಂಬರ್, ಭಾನುವಾರ

ಬೆಳಿಗ್ಗೆ ಟೇಪಿನ ಮೊದಲ ನಿಮಿಷ ಕೇಳಿದೆ. ಕಿವಿಗೆ ಹೆಡ್‌ಫೋನ್ ಹಾಕಿಕೊಂಡು, ಮುಂದಕ್ಕೆ ಓಡಿಸದೆ.

“ಹೆಸರು ಹೇಳಜ್ಜಿ, ಕೊನೇಲಿ ಹಾಕ್ತೀನಿ.”

“ನನ್ನ ಹೆಸರೆಲ್ಲ ಯಾಕೆ, ಬೇಡ ಬಿಡು.”

“ಸರಿ ಅಜ್ಜಿ.”

ಆಮೇಲೆ ಅವರೆಕಾಯಿ ಸುಲಿಯುವ ಸದ್ದು ನಿಲ್ಲುತ್ತದೆ. ಅಜ್ಜಿ ಏನೂ ಹೇಳುವುದಿಲ್ಲ, ನಾನೂ ಏನೂ ಕೇಳುವುದಿಲ್ಲ. ನಾನು ಪ್ರಶ್ನೆಗಳ ಪುಟ ತಿರುಗಿಸಿದ ಸದ್ದಿದೆ. ಆಮೇಲೆ ಅವರೆಕಾಯಿ ಮತ್ತೆ ಶುರುವಾಗುತ್ತದೆ, ಕಥೆಯೂ ಶುರುವಾಗುತ್ತದೆ.

ಆತ್ರೇಯನ ಸಿನಿಮಾದಲ್ಲಿ ಈ ನಿಶ್ಶಬ್ದ ಇಲ್ಲ. ಅದನ್ನೂ ನುಂಗಿದನೇ ಕಳ್ಳ ಎಂದುಕೊಂಡು, ಟೇಪಿನ ಜೊತೆ ಅವನಿಗೆ ಕೊಟ್ಟಿದ್ದ ಪಟ್ಟಿಯ ಮೂಲಪ್ರತಿ ಹುಡುಕಿ ತೆಗೆದೆ. ಯಾವ ನಿಮಿಷದಲ್ಲಿ ಏನಿದೆ, ಏನು ಉಳಿಸಬೇಕು, ಏನು ಬಿಡಬೇಕು ಎಂದು ಎಡಿಟಿಂಗಿಗೆ ಮುಂಚೆ ಬರೆದುಕೊಳ್ಳುವ ಪಟ್ಟಿ. ಮೊದಲ ಪುಟದ ಎರಡನೇ ಸಾಲು, ನೀಲಿ ಶಾಯಿ, ನನ್ನ ಅಕ್ಷರ:

“ಆರು ಸೆಕೆಂಡ್ ಏನೂ ಇಲ್ಲ. ತೆಗೆದುಹಾಕುವುದು.”